ವರ್ಗಮೂಲ ತೆಗೆದಿರಿ, ಋಣ ಎಲ್ಲಿ?

ನಮ್ಮ ಕಾರು ತೀರ್ಪುಗಾರರ ಕುರ್ಚಿಗೆ ಗುದ್ದಿದ ಕಥೆ ಡಿಪಾರ್ಟ್‌ಮೆಂಟಿನಲ್ಲಿ ಎಲ್ಲರಿಗೂ ಗೊತ್ತು. ಯಾಕೆ ಗುದ್ದಿತು ಅನ್ನೋದು ಮಾತ್ರ ಯಾರಿಗೂ ಗೊತ್ತಿಲ್ಲ. ಬ್ಯಾಟರಿ ಲೂಸ್ ಆಗಿತ್ತು ಅಂತ ಕೆಲವರು, ಮೋಟಾರ್ ಡ್ರೈವರ್ ಸುಟ್ಟಿತ್ತು ಅಂತ ಇನ್ನು ಕೆಲವರು. ಎರಡೂ ಅಲ್ಲ. ತಪ್ಪಿದ್ದು ಹತ್ತನೇ ಕ್ಲಾಸಿನ ಗಣಿತ. ನಾವು ನಾಲ್ಕು ಜನ ಸೇರಿ ಬರೆದ ಪ್ರೋಗ್ರಾಮಿನಲ್ಲಿ ಒಂದು ವರ್ಗಮೂಲ ಇತ್ತು, ಅದರ ಮುಂದೆ ± ಇರಲಿಲ್ಲ. ಇಷ್ಟು ಚಿಕ್ಕ ವಿಷಯಕ್ಕೆ ಒಂದು ಲೇಖನ ಬೇಕಾ ಅಂತ ಕೇಳಬಹುದು. ಕುರ್ಚಿಯ ಮೇಲೆ ಕೂತಿದ್ದವರನ್ನು ಕೇಳಿದರೆ ಬೇಕು ಅಂತಾರೆ.

ಮೊದಲು ಆಟದ ನಿಯಮ ಹೇಳಿಬಿಡ್ತೀವಿ. ನೆಲದ ಮೇಲೆ ಒಂದು ಗೆರೆಗೆ ಟೇಪ್ ಅಂಟಿಸಿ, ಅದರ ಎರಡು ತುದಿಗೆ ಎರಡು ಕಂಬ ನಿಲ್ಲಿಸಿದ್ದೆವು. ಕಂಬಗಳ ನಡುವೆ 6 ಅಡಿ. ಕಾರನ್ನು ನೆಲದ ಮೇಲೆ ಎಲ್ಲಿ ಬೇಕಾದರೂ ಇಡಬಹುದು, ಅದು ತಾನೇ ಲೆಕ್ಕ ಹಾಕಿಕೊಂಡು ಟೇಪಿನ ನಟ್ಟನಡುವೆ ಬಂದು ನಿಲ್ಲಬೇಕು. ಪ್ರತಿ ಕಂಬದಿಂದ ತಾನು ಎಷ್ಟು ದೂರ ಇದೆ ಅಂತ ಕಾರಿಗೆ ಗೊತ್ತಾಗುತ್ತದೆ, ಯಾವ ಕಡೆ ಮುಖ ಮಾಡಿದೆ ಅಂತ ಅದರೊಳಗಿನ ದಿಕ್ಸೂಚಿ ಹೇಳುತ್ತದೆ. ಬೇರೇನೂ ಗೊತ್ತಿಲ್ಲ. ಎರಡು ದೂರದಿಂದ ತನ್ನ ಜಾಗ ಕಂಡುಹಿಡಿಯೋದೇ ಅದರ ಕೆಲಸ.

ಇಲ್ಲಿ ಎಕ್ಸ್, ವೈ ಬರಬೇಕಿತ್ತು. ಕನ್ನಡ ಸಂಘದ ಪತ್ರಿಕೆ ಅಲ್ವಾ, ಅದರ ಬದಲು ಭಾಸ್ಕರಾಚಾರ್ಯರ ಅಕ್ಷರಗಳನ್ನೇ ತಗೊಳ್ತೀವಿ. ಅವರು ಗೊತ್ತಿಲ್ಲದ ಸಂಖ್ಯೆಗೆ ‘ಯಾವತ್ ತಾವತ್’ ಅಂತಿದ್ದರು, ಅಂದರೆ ‘ಎಷ್ಟೋ ಅಷ್ಟು’. ಬರೆಯುವಾಗ ಬರೀ ‘ಯಾ’. ಗೊತ್ತಿಲ್ಲದ ಎರಡನೇ ಸಂಖ್ಯೆ ಬಂದರೆ ಬಣ್ಣದ ಹೆಸರು: ಕಾಲಕ, ಅಂದರೆ ಕಪ್ಪು, ಬರೆಯೋದು ‘ಕಾ’. ಎಕ್ಸ್‌ಗಿಂತ ಇದೇ ಚೆನ್ನಾಗಿದೆ ಅನ್ನೋದು ನಮ್ಮ ಅಭಿಪ್ರಾಯ.

ಮೊದಲನೇ ಕಂಬದಿಂದ ಟೇಪಿನ ಉದ್ದಕ್ಕೆ ಎಷ್ಟು ದೂರವೋ ಅದು ಯಾ. ಟೇಪಿನಿಂದ ಪಕ್ಕಕ್ಕೆ ಎಷ್ಟು ದೂರವೋ ಅದು ಕಾ. ಕಿಟಕಿ ಕಡೆ ಇದ್ದರೆ ಕಾ ಪ್ಲಸ್, ಬಾಗಿಲ ಕಡೆ ಇದ್ದರೆ ಮೈನಸ್. ಮೊದಲ ಕಂಬದಿಂದ ಅಳೆದ ದೂರ ಅ, ಎರಡನೆಯದರಿಂದ ಬ. ಪೈಥಾಗರಸ್ ಪ್ರಕಾರ:

ಯಾ² + ಕಾ² = ಅ²
(ಯಾ − 6)² + ಕಾ² = ಬ²

ಮೊದಲನೆಯದರಲ್ಲಿ ಎರಡನೆಯದನ್ನು ಕಳೆದರೆ ಕಾ² ಹೊರಟುಹೋಗುತ್ತದೆ, 12ಯಾ − 36 = ಅ² − ಬ² ಉಳಿಯುತ್ತದೆ. ಹಾಗಾಗಿ ಯಾ ಸುಲಭವಾಗಿ ಸಿಗುತ್ತದೆ. ಡೆಮೊ ದಿನ ತೀರ್ಪುಗಾರರು ಕಾರನ್ನು ಎಲ್ಲಿಟ್ಟರೋ ಅಲ್ಲಿ ಎರಡೂ ದೂರ ಸುಮಾರು 5 ಅಡಿ ಬಂತು. ಅ = 5, ಬ = 5 ಹಾಕಿದರೆ ಯಾ = 3. ಕಾ² = 25 − 9 = 16.

ಇಲ್ಲಿಗೆ ಬಂದ ಮೇಲೆ ನಮ್ಮ ಪ್ರೋಗ್ರಾಮ್ ಸಿ ಭಾಷೆಯ ಸ್ಕ್ವೇರ್‌ರೂಟ್ ಫಂಕ್ಷನ್ ಕರೆಯಿತು. ಅದು 4 ಅಂತ ಹೇಳಿತು. ಕಾರು ನಂಬಿತು: ನಾನು ಕಿಟಕಿ ಕಡೆ 4 ಅಡಿ ದೂರದಲ್ಲಿದ್ದೀನಿ, ಬಾಗಿಲ ಕಡೆಗೆ 4 ಅಡಿ ಹೋಗಬೇಕು. ಆದರೆ ಅದನ್ನು ಇಟ್ಟಿದ್ದು ಬಾಗಿಲ ಕಡೆಯಲ್ಲೇ. ಹಾಗಾಗಿ ಟೇಪಿಗೆ ಬೆನ್ನು ತಿರುಗಿಸಿ, ಬಹಳ ಆತ್ಮವಿಶ್ವಾಸದಿಂದ, ಬಾಗಿಲ ಕಡೆಗೇ ಇನ್ನೂ ಹೊರಟಿತು. ಟೇಪಿನಿಂದ 8 ಅಡಿಗೆ ತಲುಪಿ ನಿಲ್ಲೋದು ಅದರ ಪ್ಲಾನ್. ಅದಕ್ಕೆ ಸ್ವಲ್ಪ ಮೊದಲೇ ಕುರ್ಚಿ ಸಿಕ್ಕಿತು.

ಮೂರು ವಾರ ಟೆಸ್ಟ್ ಮಾಡಿದ್ದೆವು, ಒಂದು ಸಲವೂ ಹೀಗಾಗಿರಲಿಲ್ಲ. ಆಮೇಲೆ ಯೋಚಿಸಿದಾಗ ಗೊತ್ತಾಯ್ತು: ಲ್ಯಾಬಿನಲ್ಲಿ ಬಾಗಿಲ ಕಡೆ ಹಳೇ ಬೆಂಚುಗಳನ್ನು ಪೇರಿಸಿಟ್ಟಿದ್ದರು. ಆ ಕಡೆ ಕಾರು ಇಡಲು ಜಾಗವೇ ಇರಲಿಲ್ಲ. ಮೂರು ವಾರವೂ ಕಿಟಕಿ ಕಡೆಯೇ ಇಟ್ಟು ‘ವಾವ್’ ಅಂದುಕೊಂಡಿದ್ದೆವು.

ತಪ್ಪು ಹುಡುಕಿದ್ದು ನಮ್ಮಲ್ಲಿ ಒಬ್ಬಳು, ಡಿಪ್ಲೊಮಾ ಮುಗಿಸಿ ಈ ವರ್ಷ ನೇರ ಎರಡನೇ ವರ್ಷಕ್ಕೆ ಸೇರಿದವಳು. ಹತ್ತರವರೆಗೂ ಕನ್ನಡ ಮೀಡಿಯಂ. ಸ್ಕ್ರೀನ್ ನೋಡಿ ಒಂದೇ ಮಾತು ಕೇಳಿದಳು: ‘ವರ್ಗಮೂಲ ತೆಗೆದಿದ್ದೀರಲ್ಲ, ಋಣ ಎಲ್ಲಿ?’ ಇಂಗ್ಲಿಷ್ ಮೀಡಿಯಂನ ನಾವು ಮೂರು ಜನ ಮುಖ ಮುಖ ನೋಡಿಕೊಂಡೆವು. ಯಾರಿಗೆ ಸಾಲ ಕೊಡಬೇಕಿತ್ತು? ಆಮೇಲೆ ಅವಳೇ ಹೇಳಿದಳು: ಕನ್ನಡ ಗಣಿತದಲ್ಲಿ ಪ್ಲಸ್ ಸಂಖ್ಯೆ ಧನ, ಮೈನಸ್ ಸಂಖ್ಯೆ ಋಣ. ಕೈಯಲ್ಲಿರೋ ದುಡ್ಡು ಧನ, ಕೊಡಬೇಕಾದ ದುಡ್ಡು ಋಣ. ಹನ್ನೆರಡು ವರ್ಷ ಮೈನಸ್ ಬರೆದ ನಮಗೆ ಅದಕ್ಕೆ ಇಷ್ಟು ಒಳ್ಳೆ ಹೆಸರಿದೆ ಅಂತ ಗೊತ್ತಿರಲಿಲ್ಲ. ಇನ್ನೊಂದು ವಿಷಯವನ್ನೂ ಅವಳಿಂದಲೇ ಕಲಿತೆವು. ನಡುವೆ ಬರೀ ಯಾ ಪದ ಇಲ್ಲದೆ ಯಾ² ಮಾತ್ರ ಇರುವ ಸಮೀಕರಣಕ್ಕೆ ಕನ್ನಡ ಪಠ್ಯದಲ್ಲಿ ‘ಶುದ್ಧ ವರ್ಗ ಸಮೀಕರಣ’ ಅಂತಾರೆ, ಎರಡೂ ಇದ್ದರೆ ‘ಮಿಶ್ರ’. ನಮ್ಮ ಕಾ² = 16 ಶುದ್ಧ. ಇಷ್ಟು ಶುದ್ಧವಾದದ್ದನ್ನೂ ನಾವು ಕೆಡಿಸಿದ್ದೆವು.

ಈಗ ವಿಷಯಕ್ಕೆ ಬರೋಣ. √16 ಅಂದರೆ ಎಷ್ಟು? ಕ್ಲಾಸಿನಲ್ಲಿ ಕೇಳಿ ನೋಡಿ, ಅರ್ಧ ಜನ ‘4’ ಅಂತಾರೆ, ಅರ್ಧ ಜನ ‘±4’ ಅಂತಾರೆ. ಸರಿ ಉತ್ತರ 4. ಬರೀ 4. √ ಅನ್ನೋ ಚಿಹ್ನೆಗೆ ಗಣಿತದವರು ಮಾಡಿಕೊಂಡಿರುವ ಒಪ್ಪಂದ ಅದು: ಈ ಚಿಹ್ನೆ ಕೊಡೋದು ಒಂದೇ ಸಂಖ್ಯೆ, ಅದು ಋಣ ಆಗಿರಬಾರದು. ಹಾಗೆ ಒಪ್ಪಂದ ಇಲ್ಲದಿದ್ದರೆ ಏನಾಗುತ್ತಿತ್ತು ನೋಡಿ. √9 + √16 ಎಷ್ಟು ಅಂತ ಕೇಳಿದರೆ 7, 1, −1, −7 ಅಂತ ನಾಲ್ಕು ಉತ್ತರ ಬರುತ್ತಿತ್ತು. ಲೆಕ್ಕ ಮಾಡೋಕೇ ಆಗಲ್ಲ. ಹಾಗಾಗಿ ಸಿ ಭಾಷೆಯ ಫಂಕ್ಷನ್ನಿನ ತಪ್ಪೇನಿಲ್ಲ, ಕ್ಯಾಲ್ಕ್ಯುಲೇಟರಿನ ತಪ್ಪೂ ಇಲ್ಲ. ಕೇಳಿದ್ದಕ್ಕೆ ಸರಿಯಾಗಿಯೇ ಉತ್ತರ ಕೊಟ್ಟಿವೆ.

ನಾವು ಕೇಳಬೇಕಾಗಿದ್ದ ಪ್ರಶ್ನೆಯೇ ಬೇರೆ. ‘√16 ಎಷ್ಟು?’ ಒಂದು ಪ್ರಶ್ನೆ. ‘ಯಾವ ಯಾವ ಸಂಖ್ಯೆಯ ವರ್ಗ 16?’ ಇನ್ನೊಂದು ಪ್ರಶ್ನೆ. ಎರಡನೆಯದಕ್ಕೆ ಉತ್ತರ ಎರಡು. ಯಾಕೆ ಎರಡೇ, ಮೂರನೆಯದು ಯಾಕಿಲ್ಲ ಅನ್ನೋದಕ್ಕೂ ಕಾರಣ ಸುಲಭ. ಕಾ² − 16 = 0 ಅನ್ನು (ಕಾ − 4)(ಕಾ + 4) = 0 ಅಂತ ಬರೆಯಬಹುದು. ಎರಡು ಸಂಖ್ಯೆ ಗುಣಿಸಿದರೆ ಸೊನ್ನೆ ಬರಬೇಕಾದರೆ ಯಾವುದಾದರೂ ಒಂದು ಸೊನ್ನೆ ಆಗಿರಲೇಬೇಕು. ಕಾ = 4 ಅಥವಾ ಕಾ = −4, ಮುಗೀತು. ± ಅನ್ನೋದು √ ಒಳಗಿಂದ ಬರೋದಿಲ್ಲ. ಸಮೀಕರಣ ಬಿಡಿಸುವಾಗ ನಾವೇ ಬರೆಯಬೇಕು: ಕಾ = ±√16. ಫಂಕ್ಷನ್ ಕರೆದವರು ನಾವು, ಹಾಗಾಗಿ ± ಹಾಕಬೇಕಾದವರೂ ನಾವೇ.

ಈ ವಿಧಾನ ಬರೀ ಕಾ² = 16 ಥರದ್ದಕ್ಕೆ ಮಾತ್ರ ಅಂದುಕೊಳ್ಳಬೇಡಿ. ವರ್ಗದೊಳಗೆ ಏನೇ ಇದ್ದರೂ ನಡೆಯುತ್ತದೆ. (ಯಾ − 3)² = 16 ತಗೊಳ್ಳಿ. ಇದನ್ನು ನೋಡಿದ ತಕ್ಷಣ ನಮ್ಮ ಕೈ ಏನು ಮಾಡುತ್ತದೆ? ಬ್ರಾಕೆಟ್ ಬಿಡಿಸಿ ಯಾ² − 6ಯಾ + 9 ಬರೆದು, 16 ಈ ಕಡೆ ತಂದು, ಯಾ² − 6ಯಾ − 7 = 0 ಮಾಡಿ, ಆಮೇಲೆ ಸೂತ್ರಕ್ಕೆ ಹಾಕುತ್ತದೆ. ಯಾರೋ ಕಷ್ಟಪಟ್ಟು ಮಡಿಸಿಟ್ಟ ಬಟ್ಟೆಯನ್ನು ಬಿಚ್ಚಿ, ಮತ್ತೆ ನಾವೇ ಮಡಿಸಿದ ಹಾಗೆ. ವರ್ಗ ಸಿದ್ಧವಾಗಿದೆ, ನೇರವಾಗಿ ಮೂಲ ತೆಗೆದರೆ ಸಾಕು: ಯಾ − 3 = ±4. ಹಾಗಾದರೆ ಯಾ = 7 ಅಥವಾ −1. ಎರಡು ಸಾಲು. ಗಮನಿಸಿ, ಇಲ್ಲಿ ಉತ್ತರಗಳು ±7 ಅಲ್ಲ. ಎರಡೂ 3ರಿಂದ ನಾಲ್ಕು ನಾಲ್ಕು ಹೆಜ್ಜೆ ದೂರದಲ್ಲಿವೆ, ಒಂದು ಈ ಕಡೆ, ಒಂದು ಆ ಕಡೆ. ನಮ್ಮ ಟೇಪಿನ ಎರಡು ಬದಿಯ ಹಾಗೆಯೇ. ± ಅನ್ನು ಕೊನೆಯಲ್ಲಿ ನೆನಪಾದಾಗ ಉತ್ತರಕ್ಕೆ ಅಂಟಿಸಿದರೆ ಆಗಲ್ಲ, ಮೂಲ ತೆಗೆದ ಆ ಸಾಲಿನಲ್ಲೇ ಬರೆಯಬೇಕು ಅನ್ನೋದು ಇದಕ್ಕೇ.

ಎರಡೂ ಕಡೆ ವರ್ಗ ಇದ್ದರೆ? (ಯಾ − 1)² = (2ಯಾ + 3)². ಎರಡೂ ಕಡೆ ± ಹಾಕಬೇಕಾ ಅಂತ ಗೊಂದಲ ಆಗುತ್ತದೆ. ಹಾಕಿದರೆ ನಾಲ್ಕು ಜೋಡಿ ಬರುತ್ತವೆ. ಆದರೆ ಪ್ಲಸ್-ಪ್ಲಸ್ ಮತ್ತು ಮೈನಸ್-ಮೈನಸ್ ಎರಡೂ ಒಂದೇ ಸಮೀಕರಣ, ಉಳಿದ ಎರಡೂ ಹಾಗೇ. ಒಂದು ಕಡೆ ಹಾಕಿದರೆ ಸಾಕು. ಯಾ − 1 = 2ಯಾ + 3 ಆದರೆ ಯಾ = −4. ಯಾ − 1 = −2ಯಾ − 3 ಆದರೆ ಯಾ = −2/3.

ಮಿಶ್ರ ವರ್ಗ ಸಮೀಕರಣಕ್ಕೂ ಇದೇ ದಾರಿ. ವರ್ಗ ಸಿದ್ಧವಾಗಿ ಇರಲ್ಲ, ನಾವು ಮಾಡಿಕೊಳ್ಳಬೇಕು, ಅಷ್ಟೇ. ‘ವರ್ಗ ಪೂರ್ಣಗೊಳಿಸೋದು’ ಅಂತ ಕಲಿತಿದ್ದು ಇದನ್ನೇ. ಶಾಲೆಯಲ್ಲಿ ಮಾಡುತ್ತಿದ್ದ ರೀತಿಯಲ್ಲಿ ಮೊದಲೇ ಭಾಗಿಸಿ ಭಿನ್ನರಾಶಿಗಳ ಕಾಡಿಗೆ ಹೋಗಿಬಿಡ್ತೀವಿ. ಅದಕ್ಕಿಂತ ಚೆಂದದ ಉಪಾಯ ಶ್ರೀಧರಾಚಾರ್ಯರದ್ದು. ಅವರ ಬೀಜಗಣಿತದ ಪುಸ್ತಕ ಉಳಿದಿಲ್ಲ, ಭಾಸ್ಕರಾಚಾರ್ಯರು ಅವರ ಹೆಸರು ಹೇಳಿ ಉಲ್ಲೇಖಿಸಿದ್ದರಿಂದ ಈ ನಿಯಮ ನಮಗೆ ಸಿಕ್ಕಿದೆ. ಭಾಗಿಸಬೇಡಿ, ವರ್ಗಪದದ ಮುಂದಿರುವ ಸಂಖ್ಯೆಯ ನಾಲ್ಕರಷ್ಟರಿಂದ ಗುಣಿಸಿ, ಆಮೇಲೆ ನಡುವಿನ ಪದದ ಸಂಖ್ಯೆಯ ವರ್ಗವನ್ನು ಎರಡೂ ಕಡೆ ಕೂಡಿಸಿ. 3ಯಾ² + 5ಯಾ = 2 ಇದ್ದರೆ 12ರಿಂದ ಗುಣಿಸೋಣ: 36ಯಾ² + 60ಯಾ = 24. ಎರಡೂ ಕಡೆ 25 ಕೂಡಿಸಿದರೆ ಎಡಗಡೆ (6ಯಾ + 5)² ಆಗುತ್ತದೆ, ಬಲಗಡೆ 49. ಮೂಲ ತೆಗೆದರೆ 6ಯಾ + 5 = ±7. ಯಾ = 1/3 ಅಥವಾ −2. ಒಂದೂ ಭಿನ್ನರಾಶಿ ನಡುವೆ ಬರಲಿಲ್ಲ. ನಾವು ಬಾಯಿಪಾಠ ಮಾಡಿದ ಸೂತ್ರ ಬೇರೇನೂ ಅಲ್ಲ, ಇದೇ ಹೆಜ್ಜೆಗಳನ್ನು ಸಂಖ್ಯೆ ಬದಲು ಅಕ್ಷರದಲ್ಲಿ ಬರೆದರೆ ಬರೋದು. ಅದರೊಳಗಿನ ± ಈ ವರ್ಗಮೂಲದ ಸಾಲಿನಿಂದಲೇ ಬಂದಿದ್ದು. ಸೂತ್ರದಲ್ಲಿ ಅಚ್ಚಾಗಿರೋದರಿಂದ ಅಲ್ಲಿ ಯಾರೂ ಮರೆಯಲ್ಲ. ಸೂತ್ರ ಬೇಡದಷ್ಟು ಸುಲಭ ಇದ್ದಾಗಲೇ ಮರೆತುಹೋಗೋದು.

ಬಲಗಡೆ ಋಣ ಸಂಖ್ಯೆ ಬಂದರೆ? ಇದೂ ನಮ್ಮ ಕಾರಿಗೆ ಆಗಿತ್ತು. ಒಂದು ದಿನ ಟೇಪಿನ ಮೇಲೆಯೇ, ಸರಿಯಾಗಿ ನಡುವೆ ಇಟ್ಟು ಸ್ವಿಚ್ ಹಾಕಿದೆವು. ಅಲ್ಲಾಡಲಿಲ್ಲ. ಪರದೆಯ ಮೇಲೆ ‘ನ್ಯಾನ್’ ಅಂತ ಸಾಲು ಸಾಲಾಗಿ ಬರುತ್ತಿತ್ತು. ಸಂಖ್ಯೆಯೇ ಅಲ್ಲ ಅಂತ ಅದರ ಅರ್ಥ. ನೋಡಿದರೆ ಸೆನ್ಸರ್ ಎರಡೂ ದೂರವನ್ನು 3 ಅಡಿ ಬದಲು 2.9 ಅಂತ ಓದಿತ್ತು. ಆಗ ಯಾ = 3, ಕಾ² = 8.41 − 9 = −0.59. ಯಾವ ಸಂಖ್ಯೆಯ ವರ್ಗ −0.59? ನಮ್ಮ ನೆಲದ ಮೇಲೆ ಅಂಥ ಜಾಗ ಇಲ್ಲ. ಚಿತ್ರ ಬರೆದರೆ ಇನ್ನೂ ಸ್ಪಷ್ಟ: ಕಂಬಗಳ ನಡುವೆ 6 ಅಡಿ ಇದೆ, ಎರಡರ ಸುತ್ತ 2.9 ಅಡಿಯ ವೃತ್ತ ಎಳೆದರೆ ಎರಡೂ ಸೇರೋದೇ ಇಲ್ಲ, ನಡುವೆ ಸಂದಿ ಉಳಿಯುತ್ತದೆ. ಸಮೀಕರಣ ಹೇಳುತ್ತಿದ್ದದ್ದು ಇಷ್ಟೇ: ನೀವು ಕೊಟ್ಟ ಅಳತೆ ಸುಳ್ಳು.

ಈ ಮಾತನ್ನು ಕನ್ನಡ ನಾಡಿನಲ್ಲಿ ಸಾವಿರ ವರ್ಷಕ್ಕೂ ಹಿಂದೆಯೇ ಬರೆದವರಿದ್ದಾರೆ. ಮಹಾವೀರಾಚಾರ್ಯರು ಒಂಬತ್ತನೇ ಶತಮಾನದವರು, ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದವರು. ಅವನ ರಾಜಧಾನಿ ಮಾನ್ಯಖೇಟ ಅಂದರೆ ಇವತ್ತಿನ ಕಲಬುರಗಿ ಜಿಲ್ಲೆಯ ಮಳಖೇಡ. ನೃಪತುಂಗ ಅಂದ ತಕ್ಷಣ ‘ಕವಿರಾಜಮಾರ್ಗ’ ಅಂತೀವಿ, ಅದೇ ಕಾಲದ ‘ಗಣಿತಸಾರಸಂಗ್ರಹ’ ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು? ಸಂಸ್ಕೃತದಲ್ಲಿರುವ ಆ ಗ್ರಂಥದಲ್ಲಿ ಮಹಾವೀರರು ಹೇಳಿದ್ದರ ಸಾರ ಇದು: ಧನದ ವರ್ಗವೂ ಧನ, ಋಣದ ವರ್ಗವೂ ಧನ, ಆ ವರ್ಗಗಳ ಮೂಲ ಧನವೂ ಹೌದು, ಋಣವೂ ಹೌದು, ಋಣ ಸಂಖ್ಯೆ ಸ್ವಭಾವದಿಂದಲೇ ಯಾವುದರ ವರ್ಗವೂ ಅಲ್ಲ, ಹಾಗಾಗಿ ಅದಕ್ಕೆ ಮೂಲ ಇಲ್ಲ. ನಮ್ಮ ಕಾರಿನ ಎರಡು ಕಾಯಿಲೆಯೂ ಅಲ್ಲಿ ಇದೆ. (ಮೂಲ ಇಲ್ಲ ಅಂದರೆ ಹೇಗೆ, ಜೆ ಇದೆಯಲ್ಲ ಅಂತ ಎಲೆಕ್ಟ್ರಿಕಲ್‌ನವರು ಜಗಳಕ್ಕೆ ಬರಬೇಡಿ. ಕಾಂಪ್ಲೆಕ್ಸ್ ಸಂಖ್ಯೆ ಬಂದ ಮೇಲೆ ಮೂಲ ಸಿಗುತ್ತದೆ, ಒಪ್ಪಿದೆವು. ಆದರೆ ಜೆ ಅಡಿ ದೂರದಲ್ಲಿ ಕಾರು ನಿಲ್ಲಿಸೋಕೆ ಆಗಲ್ಲ.)

ಈಗ ಮುಖ್ಯ ಪ್ರಶ್ನೆ. ಎರಡು ಉತ್ತರ ಬಂತು, ಕಾರು ಇರೋದು ಒಂದೇ ಕಡೆ. ಯಾವುದನ್ನು ಆರಿಸೋದು? ಇಲ್ಲೇ ನಾವೆಲ್ಲ ಜಾರೋದು. ಪರೀಕ್ಷೆಯಲ್ಲಿ ‘ಋಣ ಉತ್ತರ ಸಾಧ್ಯವಿಲ್ಲ’ ಅಂತ ಒಂದು ಸಾಲು ಬರೆದು ಮೈನಸ್ ಹೊಡೆದುಹಾಕೋದು ನಮಗೆ ಅಭ್ಯಾಸ ಆಗಿಬಿಟ್ಟಿದೆ. ಉದ್ದ, ವಯಸ್ಸು, ಬೆಲೆ ಇದ್ದಾಗ ಅದು ಸರಿ. ಆದರೆ ಕಾರಣ ನೋಡದೆ ಹೊಡೆದರೆ ತಪ್ಪು.

45 ಮೀಟರ್ ಎತ್ತರದಿಂದ ಕಲ್ಲು ಬಿಟ್ಟೆವು ಅಂದುಕೊಳ್ಳಿ, ಗುರುತ್ವ 10 ಅಂತ ಹಿಡಿದರೆ ಕಾಲದ ವರ್ಗ 9 ಬರುತ್ತದೆ. 3 ಸೆಕೆಂಡಿಗೆ ನೆಲ ಮುಟ್ಟುತ್ತದೆ. −3 ಕಸಕ್ಕೆ. ಆದರೆ −3 ಸುಳ್ಳೇನಲ್ಲ. ಕಲ್ಲನ್ನು ಬಿಡುವ ಬದಲು, 3 ಸೆಕೆಂಡ್ ಮೊದಲೇ ಯಾರೋ ನೆಲದಿಂದ ಮೇಲಕ್ಕೆ ಎಸೆದು, ಅದು ಸರಿಯಾಗಿ ನಮ್ಮ ಕೈಯ ಎತ್ತರಕ್ಕೆ ಬಂದು ಒಂದು ಕ್ಷಣ ನಿಂತು, ಆಮೇಲೆ ಬಿದ್ದಿದ್ದರೂ ಸಮೀಕರಣ ಇದೇ ಇರುತ್ತಿತ್ತು. ಅದು ನೆಲ ಬಿಟ್ಟ ಗಳಿಗೆ −3. ಸಮೀಕರಣಕ್ಕೆ ಕಲ್ಲು ಬಿಟ್ಟವರು ನಾವು ಅಂತ ಗೊತ್ತಿಲ್ಲ. ಅದು ಗೊತ್ತಿರೋದು ನಮಗೆ.

ಭಾಸ್ಕರಾಚಾರ್ಯರು 1150ರಲ್ಲಿ ಮುಗಿಸಿದ ‘ಸಿದ್ಧಾಂತ ಶಿರೋಮಣಿ’ಯ ಬೀಜಗಣಿತ ಭಾಗದಲ್ಲಿ ಮಂಗಗಳ ಲೆಕ್ಕ ಒಂದಿದೆ, ನಮಗೆ ತುಂಬಾ ಇಷ್ಟವಾಗಿದ್ದು. ಒಂದು ಗುಂಪಿನ ಐದರಲ್ಲಿ ಒಂದು ಭಾಗ, ಅದರಲ್ಲಿ ಮೂರು ಕಳೆದು, ಬಂದಿದ್ದರ ವರ್ಗದಷ್ಟು ಮಂಗಗಳು ಗುಹೆಗೆ ಹೋದವು. ಉಳಿದ ಒಂದು ಮಂಗ ಮರದ ಕೊಂಬೆ ಮೇಲೆ ಕಾಣಿಸ್ತಿದೆ. ಒಟ್ಟು ಎಷ್ಟು? (ಯಾ/5 − 3)² + 1 = ಯಾ. ಬ್ರಾಕೆಟ್ ಒಳಗಿನದ್ದನ್ನು ಕಾ ಅಂದರೆ ಯಾ = 5ಕಾ + 15, ಕಾ² − 5ಕಾ = 14. ಶ್ರೀಧರರ ಉಪಾಯ: 4ರಿಂದ ಗುಣಿಸಿ, 25 ಕೂಡಿಸಿ, (2ಕಾ − 5)² = 81. 2ಕಾ − 5 = ±9. ಕಾ = 7 ಅಥವಾ −2. ಯಾ = 50 ಅಥವಾ 5.

ಎರಡೂ ಧನ! ‘ಋಣ ಸಾಧ್ಯವಿಲ್ಲ’ ಸಾಲು ಇಲ್ಲಿ ನಡೆಯಲ್ಲ. 5 ಹಾಕಿ ನೋಡಿ, ಸಮೀಕರಣ ಒಪ್ಪುತ್ತದೆ: 1 − 3 = −2, ವರ್ಗ 4, ಒಂದು ಕೂಡಿಸಿದರೆ 5. ಆದರೂ ಭಾಸ್ಕರರು 5 ಬೇಡ ಅಂದರು. ಒಂದು ಮಂಗದಿಂದ ಮೂರು ಮಂಗ ಕಳೆಯೋದು ಹೇಗೆ? ಅಂಥದ್ದನ್ನು ಜನ ಒಪ್ಪಲ್ಲ ಅನ್ನೋದು ಅವರು ಕೊಟ್ಟ ಕಾರಣ. ಅವರು ಮೊದಲು ಎರಡೂ ಉತ್ತರ ಬರೆದರು, ಆಮೇಲೆ ಲೆಕ್ಕದ ಹೊರಗೆ, ಮಂಗಗಳ ಕಡೆ ನೋಡಿ ಒಂದನ್ನು ಬಿಟ್ಟರು, ಯಾಕೆ ಬಿಟ್ಟೆ ಅಂತಲೂ ಹೇಳಿದರು. ನಾವು ಒಂದನ್ನು ಬರೆಯಲೇ ಇಲ್ಲ. ಬಿಟ್ಟಿದ್ದೀವಿ ಅಂತ ನಮಗೇ ಗೊತ್ತಿರಲಿಲ್ಲ.

ಕಾರಿಗೂ ಹೊರಗಿನಿಂದಲೇ ಒಂದು ಸುದ್ದಿ ಬೇಕು. ಎರಡು ಕಂಬದ ದೂರವನ್ನು ಎಷ್ಟು ಚೆನ್ನಾಗಿ ಅಳೆದರೂ ಪ್ರಯೋಜನವಿಲ್ಲ; ಕಿಟಕಿ ಕಡೆ 4 ಅಡಿಯಲ್ಲಿದ್ದರೂ ಬಾಗಿಲ ಕಡೆ 4 ಅಡಿಯಲ್ಲಿದ್ದರೂ ಎರಡೂ ದೂರ ಅದೇ 5, 5. ಟೇಪು ಕನ್ನಡಿ ಇದ್ದ ಹಾಗೆ. ದುಬಾರಿ ಸೆನ್ಸರ್ ಹಾಕೋಣ ಅಂತ ನಮ್ಮಲ್ಲಿ ಒಬ್ಬ ಹಟ ಹಿಡಿದಿದ್ದ, ಅವನಿಗೆ ಇದನ್ನು ಪೇಪರಿನ ಮೇಲೆ ಬರೆದು ತೋರಿಸಿದ ಮೇಲೆಯೇ ಸುಮ್ಮನಾಗಿದ್ದು. ಟೇಪಿನ ಸಾಲಿನಲ್ಲಿ ಅಲ್ಲದೆ ಪಕ್ಕದಲ್ಲಿ ಮೂರನೇ ಕಂಬ ನೆಟ್ಟರೆ ಸರಿಹೋಗುತ್ತದೆ, ಎರಡರಲ್ಲಿ ಯಾವ ಜಾಗಕ್ಕೆ ಆ ಮೂರನೇ ದೂರ ಹೊಂದುತ್ತದೋ ಅದೇ ಸರಿ. ಆದರೆ ಮಾಡ್ಯೂಲಿಗೆ ದುಡ್ಡಿರಲಿಲ್ಲ. ಕಡೆಗೆ ಮಾಡಿದ್ದು ಇನ್ನೂ ಅಗ್ಗದ ಉಪಾಯ. ಕಾರು ಮೊದಲು ಬಾಗಿಲ ಕಡೆಗೆ ಒಂದು ಗೇಣು ಹೋಗಿ, ಮತ್ತೆ ಅಳೆದು, ಮತ್ತೆ ಕಾ² ಲೆಕ್ಕ ಹಾಕುತ್ತದೆ. ಕಾ² ಕಮ್ಮಿಯಾದರೆ ಟೇಪಿಗೆ ಹತ್ತಿರ ಬಂದಿದೆ, ಅಂದರೆ ಕಿಟಕಿ ಕಡೆಯಿಂದ ಹೊರಟಿದೆ, ಪ್ಲಸ್. ಜಾಸ್ತಿಯಾದರೆ ಮೈನಸ್. ಟೇಪಿಗೆ ತೀರಾ ಹತ್ತಿರ ಇದ್ದರೆ ಒಂದು ಗೇಣಿನಲ್ಲೇ ಆ ಕಡೆಗೆ ದಾಟಿಬಿಡುವ ತೊಂದರೆ ಇದೆ, ಅದಕ್ಕೆ ಬೇರೆ ಏಳು ಸಾಲು ಬರೆದಿದ್ದೀವಿ. ಕಾ² ಸೊನ್ನೆಗಿಂತ ಸ್ವಲ್ಪ ಕೆಳಗೆ ಹೋದರೆ ಸೊನ್ನೆ ಅಂತ ಹಿಡಿಯುತ್ತದೆ. ತುಂಬಾ ಕೆಳಗೆ ಹೋದರೆ ಸೆನ್ಸರ್ ಕೆಟ್ಟಿದೆ ಅಂತ ಕೆಂಪು ದೀಪ ಹಾಕಿ ನಿಲ್ಲುತ್ತದೆ.

ಹೋದ ಶನಿವಾರ ಬೆಂಚುಗಳನ್ನು ನಾವೇ ಹೊತ್ತು ಆಚೆ ಹಾಕಿ ಬಾಗಿಲ ಕಡೆಯಿಂದಲೂ ಓಡಿಸಿದೆವು. ಹತ್ತು ಸಲದಲ್ಲಿ ಒಂಬತ್ತು ಸಲ ನಡುವೆ ಬಂದು ನಿಂತಿತು. ಹತ್ತನೇ ಸಲ ನಿಜವಾಗಿಯೂ ಬ್ಯಾಟರಿ ಲೂಸ್ ಆಗಿತ್ತು.